ಹೆಗಲು ಸರಿಹೋಗುವವರೆಗೆ

ಜನವರಿ 20, ಸೋಮವಾರ. ಅಫಜಲಪುರ

ಬಲಗೈಯ ಬೆರಳುಗಳು ಸೆಟೆದುಕೊಳ್ಳದಿರಲು ದಿನಾ ಒಂದು ಪುಟ ಕೈಯಿಂದ ಬರೆಯಬೇಕೆಂದು ಕಲಬುರಗಿಯ ಫಿಸಿಯೋಥೆರಪಿಯವರು ಹೇಳಿದ್ದಾರೆ. ಏನು ಬರೆಯಲಿ ಎಂದು ಕೇಳಿದೆ. ರಾಮನಾಮವಾದರೂ ನಡೆಯುತ್ತದೆ ಎಂದರು. ಅಷ್ಟು ಭಕ್ತಿ ನನ್ನಲ್ಲಿಲ್ಲ. ಆದ್ದರಿಂದ ನನ್ನ ಬಗ್ಗೆಯೇ ಬರೆಯುತ್ತಿದ್ದೇನೆ. ಆ ವಿಷಯದಲ್ಲಿ ಭಕ್ತಿಗೆ ಎಂದೂ ಕೊರತೆಯಾಗಿಲ್ಲ.

ಹೆಸರು ಶ್ರೀರಂಗ. ವಯಸ್ಸು ಅರವತ್ತಾರು. ಛಾಯಾಗ್ರಾಹಕ. ಇಪ್ಪತ್ತು ವರ್ಷ ಬೊಂಬಾಯಿ, ಬೆಂಗಳೂರುಗಳಲ್ಲಿ ಸಿನಿಮಾ, ಆಮೇಲೆ ಇಪ್ಪತ್ತು ವರ್ಷ ಟೀವಿ. ಸಿನಿಮಾದಲ್ಲಿ ನೆರಳು ಹೇಗೆ ಬೀಳಬೇಕೆಂದು ಕಲಿತೆ. ಟೀವಿಯಲ್ಲಿ ನೆರಳೇ ಇರಕೂಡದು ಎಂದು ಕಲಿಸಿದರು. ಒಂದು ಸಲ ರಾಜ್ಯ ಪ್ರಶಸ್ತಿ ಬಂತು, ಒಂದೇ ವಾರ ಓಡಿದ ಚಿತ್ರಕ್ಕೆ. ಕ್ರೇನಿನ ತುದಿಯಲ್ಲಿ, ಜಾರುಬಂಡೆಯ ಮೇಲೆ, ಓಡುವ ರೈಲಿನ ಬಾಗಿಲಲ್ಲಿ ನಿಂತು ಕ್ಯಾಮೆರಾ ಹಿಡಿದವನು ಒಮ್ಮೆಯೂ ಬಿದ್ದಿರಲಿಲ್ಲ. ಹೋದ ತಿಂಗಳು ಬೆಂಗಳೂರಿನಲ್ಲಿ, ಸೀರಿಯಲ್ಲಿನ ದೇವರಕೋಣೆಯ ಸೆಟ್ಟಿನಲ್ಲಿ, ಅತ್ತೆಯ ಪಾತ್ರದಾಕೆ ಚೆಲ್ಲಿದ ದೀಪದ ಎಣ್ಣೆಯ ಮೇಲೆ ಕಾಲಿಟ್ಟು ಬಿದ್ದೆ. ಬಲ ಹೆಗಲಿನ ಮೂಳೆ ಮುರಿಯಿತು. ದೃಶ್ಯದ ಪ್ರಕಾರ ಬೀಳಬೇಕಾದವಳು ಸೊಸೆ.

ಬೆಂಗಳೂರಿನಲ್ಲಿ ನನ್ನದು ಮೂರನೆಯ ಮಹಡಿಯ ಬಾಡಿಗೆ ಮನೆ. ಮದುವೆಯಾಗಲಿಲ್ಲ, ಈ ಔಟ್‌ಡೋರ್ ಮುಗಿಯಲಿ, ಆ ಔಟ್‌ಡೋರ್ ಮುಗಿಯಲಿ ಎನ್ನುವಷ್ಟರಲ್ಲಿ ಹೆಣ್ಣು ತೋರಿಸುವವರೇ ಮುಗಿದುಹೋದರು. ಒಂದೇ ಕೈಯಲ್ಲಿ ಅಂಗಿಯ ಗುಂಡಿ ಹಾಕಿಕೊಳ್ಳಲಾಗದೆ ಒದ್ದಾಡುತ್ತಿದ್ದಾಗ ಅಕ್ಕ ಫೋನು ಮಾಡಿ, ಬಂದು ಇಲ್ಲಿ ಬಿದ್ದಿರು ಎಂದಳು. ಅಕ್ಕ ಶಾರದಾಬಾಯಿಗೆ ಈಗ ಎಪ್ಪತ್ತೆರಡು. ಈ ಊರಿನ ಮೂರು ತಲೆಮಾರಿಗೆ ಗಣಿತ ಕಲಿಸಿ ನಿವೃತ್ತಳಾದವಳು. ಭಾವ ತೀರಿ ಹನ್ನೆರಡು ವರ್ಷವಾಯಿತು.

ಸೀರಿಯಲ್ಲಿನ ನಿರ್ದೇಶಕ ವ್ಯಂಕಟೇಶ ಒಂದು ಕಾಲದಲ್ಲಿ ನನ್ನ ಕ್ಯಾಮೆರಾ ಟ್ರಾಲಿ ನೂಕಿದವನು. ಆರಾಮಾಗಿ ರೆಸ್ಟ್ ತಗೊಳ್ಳಿ ಸರ್, ನಿಮ್ಮ ಜಾಗ ಎಲ್ಲಿಗೂ ಹೋಗಲ್ಲ ಎಂದಿದ್ದಾನೆ. ಹೆಗಲು ಸರಿಹೋಗುವವರೆಗೆ ಇಲ್ಲಿರುತ್ತೇನೆ.

ಜನವರಿ 23, ಗುರುವಾರ

ಸಂಜೆ ಅಕ್ಕನ ಜೊತೆ ಕೂತು ಸೀರಿಯಲ್ ನೋಡಿದೆ. ನನ್ನ ಜಾಗಕ್ಕೆ ಬಂದವನು ನಾಲ್ಕೂ ದಿಕ್ಕಿನಿಂದ ಬೆಳಕು ಸುರಿದಿದ್ದಾನೆ. ಅತ್ತೆ, ಸೊಸೆ, ಗೋಡೆ, ಫ್ರಿಜ್ಜು ಎಲ್ಲ ಒಂದೇ ಬಣ್ಣ. ಹೇಗಿದೆ ಎಂದು ಅಕ್ಕನನ್ನು ಕೇಳಿದೆ. ಈಗೀಗ ಮುಖ ಚಂದ ಕಾಣುತ್ತಿವೆ ಎಂದಳು. ಮೊದಲು ಯಾರು ಅಳುತ್ತಿದ್ದಾರೆ, ಯಾರು ನಗುತ್ತಿದ್ದಾರೆ ತಿಳಿಯುತ್ತಿರಲಿಲ್ಲವಂತೆ.

ಹೆಗಲು ನೋವು ಜಾಸ್ತಿಯಾಗಿದೆ. ಇವತ್ತಿಗೆ ಇಷ್ಟು ಸಾಕು.

ಫೆಬ್ರುವರಿ 2, ರವಿವಾರ

ಪಂಚಶೀಲಾ ಎಂಬಾಕೆ ಬಂದಿದ್ದಳು. ಮೂವತ್ತೈದರ ಆಸುಪಾಸು. ಬಸ್‌ಸ್ಟ್ಯಾಂಡಿನ ಹತ್ತಿರ ಫೋಟೋ ಸ್ಟುಡಿಯೋ ಇಟ್ಟಿದ್ದಾಳೆ. ಅಫಜಲಪುರ, ಆಳಂದ, ಜೇವರ್ಗಿ, ಮೂರೂ ತಾಲೂಕುಗಳಲ್ಲಿ ಮದುವೆ ಶೂಟಿಂಗ್ ಮಾಡುತ್ತಾಳೆ. ಅಕ್ಕನ ಹಳೆಯ ವಿದ್ಯಾರ್ಥಿನಿ. ಬಾಗಿಲಲ್ಲಿ ಚಪ್ಪಲಿ ಬಿಟ್ಟವಳು ನೇರ ಅಡುಗೆಮನೆಗೆ ಹೋಗಿ ಚಹಾಕ್ಕಿಟ್ಟಳು. ಈ ಮನೆಗೆ ನಾನೇ ಹೊಸಬ ಎಂದು ಗೊತ್ತಾಯಿತು.

ತಾನು ತೆಗೆದ ಮದುವೆಯೊಂದನ್ನು ಲ್ಯಾಪ್‌ಟಾಪಿನಲ್ಲಿ ತೋರಿಸಿ ತಪ್ಪು ಹೇಳಬೇಕೆಂದು ಕೇಳಿದಳು. ಜನ ಸಾಮಾನ್ಯವಾಗಿ ಹೀಗೆ ಕೇಳುವುದು ಹೊಗಳಿಸಿಕೊಳ್ಳಲು. ನಾನು ಅವಳು ಕೇಳಿದ್ದಕ್ಕೇ ಉತ್ತರ ಕೊಟ್ಟೆ. ಕ್ಯಾಮೆರಾದ ನೆತ್ತಿಯ ಮೇಲೆ ದೀಪ ಕಟ್ಟಿ ಮುಖಕ್ಕೆ ಹೊಡೆದರೆ ಮದುಮಗಳೂ ಇಡ್ಲಿಯೂ ಒಂದೇ ತರಹ ಕಾಣುತ್ತವೆ ಎಂದೆ. ಕ್ಯಾಮೆರಾ ಯಾವಾಗ ಅಲುಗಬೇಕು, ಯಾವಾಗ ಸುಮ್ಮನಿರಬೇಕು, ಎಲ್ಲ ಹೇಳಿದೆ. ಅವಳು ಅಳಲಿಲ್ಲ, ವಾದಿಸಲೂ ಇಲ್ಲ. ದೀಪ ಆರಿಸಿದರೆ ಕತ್ತಲು ಬರುತ್ತದಲ್ಲ ಎಂದಷ್ಟೇ ಕೇಳಿದಳು. ಕತ್ತಲಲ್ಲ, ನೆರಳು ಬರುತ್ತದೆ ಎಂದೆ.

"ನೆರಳಿಗಿ ಯಾರೂ ಫೋಟೋ ತಗಸೂದಿಲ್ರಿ ಸರ್" ಎಂದಳು.

ಎರಡನೆಯ ಕ್ಯಾಮೆರಾ ಹಿಡಿಯುತ್ತಿದ್ದ ಮುಜೀಬ ಸೊಲ್ಲಾಪುರಕ್ಕೆ ಹೋಗಿಬಿಟ್ಟಿದ್ದಾನೆ, ಒಂದು ದಿನ ಬಂದು ನೋಡಿ ಹೋಗುತ್ತೀರಾ ಎಂದೂ ಕೇಳಿದಳು. ಮದುವೆ ನನ್ನ ಕೆಲಸವಲ್ಲ ಎಂದು ವಿವರಿಸಿ ಕಳಿಸಿದೆ. ಅಕ್ಕ ಒಳಗಿಂದ ಹೇಳಿದಳು: "ಅಕಿನ್ ಮುಂದ ಒಂದ್ ತಾಸು ಮಾತಾಡ್ದಿ ರಂಗಾ. ಬಂದಾಗಿಂದ ನನ್ನ ಮುಂದ ಅಷ್ಟು ಮಾತಾಡಿಲ್ಲ ನೀ."

ಫೆಬ್ರುವರಿ 3, ಸೋಮವಾರ

ಪಂಚಶೀಲಾ ಮತ್ತೆ ಬಂದಳು. ನಿನ್ನೆ ಹೇಳಿದ್ದನ್ನೆಲ್ಲ ಇನ್ನೊಮ್ಮೆ ಹೇಳಿ ಎಂದಳು. ಹೇಳಿದೆ. ಸುಮ್ಮನೆ ಕೂರುವುದಕ್ಕಿಂತ ವಾಸಿ.

ಫೆಬ್ರುವರಿ 16, ರವಿವಾರ

ಬರೀ ನೋಡುವುದಕ್ಕೆಂದು ಹವಳಗಾಕ್ಕೆ ಹೋಗಿದ್ದೆ. ಪಂಚಶೀಲಾಳ ಚಿಕ್ಕಪ್ಪನ ಮಗನ ಮದುವೆ. ದಾರಿಯುದ್ದಕ್ಕೂ ಕಬ್ಬು ಹೇರಿದ ಟ್ರ್ಯಾಕ್ಟರುಗಳು. ಸಕ್ಕರೆ ಫ್ಯಾಕ್ಟರಿಯ ವಾಸನೆ ಒಮ್ಮೆ ಅಂಗಿಗೆ ಹತ್ತಿದರೆ ಸಾಬೂನಿಗೂ ಜಗ್ಗುವುದಿಲ್ಲ.

ಬುದ್ಧ ಮತ್ತು ಬಾಬಾಸಾಹೇಬರ ಪಟಗಳ ಮುಂದೆ ಮೇಣದಬತ್ತಿ ಹಚ್ಚಿ, ತ್ರಿಶರಣ ಪಂಚಶೀಲ ಹೇಳಿ, ಹಾರ ಬದಲಾಯಿಸಿದರು. ಹೋಮದ ಹೊಗೆಯಿಲ್ಲ, ಲೆನ್ಸಿಗೆ ಮಸಿಯಿಲ್ಲ. ಗಂಡು ಹೆಣ್ಣು ಬಿಳಿ ಬಟ್ಟೆಯಲ್ಲಿ, ಎದುರಿಗೆ ಕೂತ ಹೆಂಗಸರೆಲ್ಲ ಬಿಳಿ ಸೀರೆಯಲ್ಲಿ. ಬಿಸಿಲು ಆ ಸೀರೆಗಳ ಮೇಲೆ ಬಿದ್ದು ಅಲ್ಲಿಂದ ಮದುಮಕ್ಕಳ ಮುಖಕ್ಕೆ ಮೆಲ್ಲಗೆ ಪುಟಿಯುತ್ತಿತ್ತು. ಬೊಂಬಾಯಿಯಲ್ಲಿ ಇಂಥ ಬೆಳಕಿಗಾಗಿ ನಾಲ್ಕು ಆಳುಗಳ ಕೈಯಲ್ಲಿ ಅರ್ಧ ದಿನ ಬಿಳಿ ಬಟ್ಟೆ ಹಿಡಿಸಿದ್ದೇನೆ. ಇಲ್ಲಿ ಆ ಬೆಳಕು ತಾನಾಗಿಯೇ ಬಂದು ಕೂತು ಚಹಾ ಕುಡಿಯುತ್ತಿತ್ತು.

ಮೊದಲ ಮೇಣದಬತ್ತಿ ಹಚ್ಚಿದ್ದು ಪಂಚಶೀಲಾಳ ತಾಯಿ. ಆಕೆಯ ಗಂಡ ತೀರಿ ಬಹಳ ವರ್ಷವಾಗಿದೆಯಂತೆ. ಮನೆಯ ಹಿರಿಯಳು ಅವಳೇ, ಮತ್ತ್ಯಾರು ಹಚ್ಚಬೇಕು ಎಂದಳು ಪಂಚಶೀಲಾ. ಉರಿಯ ಬೆಳಕು ಆಕೆಯ ಗದ್ದಕ್ಕೆ ಬೀಳುತ್ತಿತ್ತು. ಕ್ಯಾಮೆರಾ ಮೇಲಿನ ದೀಪ ಆರಿಸು ಎಂದು ಪಂಚಶೀಲಾಳಿಗೆ ಸನ್ನೆ ಮಾಡಿದೆ. ಆರಿಸಿದಳು.

ಅವಳು ಊಟಕ್ಕೆ ಹೋದಾಗ ಎರಡನೆಯ ಕ್ಯಾಮೆರಾ ಸುಮ್ಮನೆ ನಿಂತಿತ್ತು. ಈಗಿನವು ಆಟಿಕೆಯಷ್ಟು ಹಗುರ, ಎಡಗೈಯಲ್ಲೇ ಹಿಡಿದೆ. ಮದುಮಗಳು ಯಾರೂ ನೋಡುತ್ತಿಲ್ಲವೆಂದು ಹಾರ ಸರಿಸಿ ಕುತ್ತಿಗೆ ತುರಿಸಿಕೊಂಡಳು. ಅದು ಸಿಕ್ಕಿತು. ಇದನ್ನೆಲ್ಲ ಕೆಲಸವೆಂದು ಎಣಿಸುವಂತಿಲ್ಲ.

ಫೆಬ್ರುವರಿ 17, ಸೋಮವಾರ

ಹೆಗಲು ನೋಯುತ್ತಿದೆ. ವ್ಯಂಕಟೇಶ ಫೋನು ಎತ್ತಲಿಲ್ಲ. ಪಂಚಶೀಲಾ ಎತ್ತಿದಳು. ಮುಂದಿನ ಮದುವೆ ಎಲ್ಲಿ ಎಂದು ಸುಮ್ಮನೆ ವಿಚಾರಿಸಿದೆ.

ಮಾರ್ಚ್ 6, ಗುರುವಾರ

ಬರೆಯಲು ಪುರಸೊತ್ತಾಗಿಲ್ಲ. ಒಂದರ ಹಿಂದೆ ಒಂದು ಮದುವೆ. ಪಂಚಶೀಲಾಳಿಗೆ ಬೇರೆ ಯಾರಾದರೂ ಸಿಗುವವರೆಗೆ ಎಂದು ಮೊದಲೇ ಹೇಳಿದ್ದೇನೆ. ಅವಳು ಯಾರನ್ನೂ ಹುಡುಕುತ್ತಿರುವಂತೆ ಕಾಣುವುದಿಲ್ಲ. ನೆನಪಿಸಬೇಕು.

ಈ ಕೆಲಸದ ಕಷ್ಟ ಸಿನಿಮಾದವರಿಗೆ ತಿಳಿಯದು. ಮದುಮಕ್ಕಳಿಗೆ ಅಕ್ಷತೆಯ ಅಕ್ಕಿಕಾಳು ಹಾಕುವ ಹೊತ್ತಿಗೆ ಸರಿಯಾಗಿ ಸೋದರಮಾವನೊಬ್ಬ ಲೆನ್ಸಿಗೆ ಬೆನ್ನು ಕೊಟ್ಟು ನಿಲ್ಲುತ್ತಾನೆ. ಒನ್ಸ್ ಮೋರ್ ಎನ್ನುವಂತಿಲ್ಲ. ಆಳಂದದಲ್ಲಿ ಬೀಗರು ಕಲಬುರಗಿಯಿಂದ ಡ್ರೋನ್ ತರಿಸಿದ್ದರು. ಅದು ಮುಹೂರ್ತಕ್ಕೆ ಸರಿಯಾಗಿ ಕೆಳಗಿಳಿದು ಭಟ್ಟರ ಶಲ್ಯವನ್ನು ಹಾರಿಸಿಕೊಂಡು ಹೋಯಿತು. ಆ ದೃಶ್ಯ ಡ್ರೋನಿಗೆ ಸಿಗಲಿಲ್ಲ. ನನಗೆ ಸಿಕ್ಕಿತು.

ಪಂಚಶೀಲಾ ಹೋದಲ್ಲೆಲ್ಲ ನನ್ನನ್ನು ದೊಡ್ಡ ಸಿನಿಮಾಗಳ ಕ್ಯಾಮೆರಾಮನ್ ಎಂದು ಪರಿಚಯಿಸುತ್ತಾಳೆ. ಇವತ್ತು ಒಬ್ಬ ಹಿರಿಯರು ಎರಡೂ ಕೈ ಹಿಡಿದು, ನಿಮ್ಮ ಚಿತ್ರವನ್ನು ಐದು ಸಲ ನೋಡಿದ್ದೇನೆ ಎಂದರು. ಹೆಸರು ಹೇಳಿದ ಮೇಲೆ ನೋಡಿದರೆ ಅದು ನನ್ನದಲ್ಲ. ಹೊಗಳಿಕೆಯನ್ನು ಮಾತ್ರ ಒಪ್ಪಿಕೊಂಡೆ. ಅದರಲ್ಲಿ ಬೆಳಕು ನಿಜಕ್ಕೂ ಚೆನ್ನಾಗಿತ್ತು.

ಪಂಚಶೀಲಾ ನನ್ನನ್ನು ಸರ್ ಎನ್ನುವುದು ಬಿಟ್ಟು ಕಾಕಾ ಎಂದಳು. ತಿದ್ದೋಣವೆಂದರೆ ಬ್ಯಾಂಡಿನ ಸದ್ದಿನಲ್ಲಿ ಕೇಳಿಸುವಂತಿರಲಿಲ್ಲ.

ಮಾರ್ಚ್ 12, ಬುಧವಾರ

ಇವತ್ತಿನದನ್ನು ಸರಿಯಾಗಿ ಬರೆಯಬೇಕು.

ಜೇವರ್ಗಿಯಲ್ಲಿ ಮದುವೆ. ಗಂಡು ಸೂರ್ಯಕಾಂತ, ಸರಕಾರಿ ಬಸ್ಸಿನ ಕಂಡಕ್ಟರ್. ಹೆಣ್ಣು ಭಾಗ್ಯಜ್ಯೋತಿ, ನರ್ಸಿಂಗ್ ಓದಿದವಳು. ಗಂಡಿನ ಮನೆಯ ಮುಂದೆಯೇ ಹಂದರ. ನಾನು ಎದುರಿಗೆ, ಪಂಚಶೀಲಾ ಪಕ್ಕಕ್ಕೆ ಕ್ಯಾಮೆರಾ ಇಟ್ಟೆವು. ಫ್ರೇಮು ಕಟ್ಟಿ ನೋಡಿದರೆ ಹೆಣ್ಣಿನ ಕಡೆ ತಂದೆ, ತಾಯಿ, ಅಜ್ಜಿ, ಅತ್ತೆಯರು ತುಂಬಿ ನಿಂತಿದ್ದಾರೆ; ಗಂಡಿನ ಕಡೆ ಎಡಭಾಗವೆಲ್ಲ ಖಾಲಿ. ಒಂದು ಗಾಲಿ ಕಳಚಿದ ಬಂಡಿಯ ಹಾಗೆ ಚಿತ್ರ ವಾಲಿಕೊಂಡಿತ್ತು. ಗಂಡಿನ ತಂದೆತಾಯಿ ಎಲ್ಲಿ ಎಂದು ಕೇಳಿದೆ. ತಂದೆ, ಸೂರ್ಯಕಾಂತ ಇನ್ನೂ ತೊಟ್ಟಿಲಲ್ಲಿದ್ದಾಗಲೇ ತೀರಿಕೊಂಡವನು. ತಾಯಿ ಕೂಲಿ ಮಾಡಿ ಓದಿಸಿದ್ದಾಳೆ. ಈಗ ಹಿಂದೆ ಒಲೆಯ ಹತ್ತಿರ ಇದ್ದಾಳೆ ಎಂದರು.

ಹೋಗಿ ನೋಡಿದೆ. ಹೆಸರು ಮಾಳಮ್ಮ. ಹೊಸ ಸೀರೆ ಉಟ್ಟಿದ್ದಳು. ಅಡುಗೆಯ ಜಾಗಕ್ಕೂ ಹಂದರಕ್ಕೂ ನಡುವೆ ಕಟ್ಟಿದ್ದ ತಾಡಪತ್ರಿಯಲ್ಲಿ ಒಂದು ಹರಿದ ಸಂದು, ಅದರಿಂದ ನೋಡುತ್ತಿದ್ದಳು. ಯಾಕೆ ಮುಂದೆ ಬರುವುದಿಲ್ಲ ಎಂದು ಕೇಳಿದೆ.

"ನಾ ಬರಬಾರದ್ರಿ. ಇಲ್ಲಿಂದನೇ ಕಾಣ್ತದ" ಎಂದಳು.

ಆ ಸಂದಿನಲ್ಲಿ ನಾನೂ ಕಣ್ಣಿಟ್ಟೆ. ಕಾಣುತ್ತಿದ್ದುದು ಹಂದರದ ಒಂದು ಕಂಬ ಮತ್ತು ಬ್ಯಾಂಡಿನವನ ಬೆನ್ನು. ಕ್ಯಾಮೆರಾ ಇಡಲು ಅದಕ್ಕಿಂತ ಕೆಟ್ಟ ಜಾಗ ಇಡೀ ಜೇವರ್ಗಿಯಲ್ಲಿ ಇರಲಿಕ್ಕಿಲ್ಲ.

ಗಂಡಿನ ಕಡೆ ಹಿರಿಯರಿಲ್ಲದ್ದರಿಂದ ಎಲ್ಲ ಕಾರಭಾರ ನೋಡುತ್ತಿದ್ದವನು ಮಲ್ಕಪ್ಪ, ಹೆಣ್ಣಿನ ದೊಡ್ಡಪ್ಪ, ದೊಡ್ಡ ಪೇಟದ ಆಸಾಮಿ. ಗಂಡಿನ ತಾಯಿಯನ್ನು ಕರೆಸಿ ಎಂದೆ. ಗಂಡ ಸತ್ತವಳು ಅಕ್ಕಿಕಾಳಿಗೆ ಬರುವುದಿಲ್ಲ, ನಿಮಗೆ ಗೊತ್ತಿಲ್ಲದ್ದೇನಿದೆ ಎಂದ. ಗೊತ್ತಿತ್ತು. ಸಮಾಜ ತಿದ್ದುವುದು ನನ್ನ ಕಸುಬಲ್ಲ. ಸಿನಿಮಾದಲ್ಲಿ ಎಷ್ಟೋ ವಿಧವೆಯರನ್ನು ಮೂಲೆಯಲ್ಲಿ ನಿಲ್ಲಿಸಿ, ಒಂದೇ ಪಕ್ಕದಿಂದ ಗಡುಸು ಬೆಳಕು ಕೊಟ್ಟು ಚಿತ್ರೀಕರಿಸಿದ್ದೇನೆ. ಅದಕ್ಕೆ ಚಪ್ಪಾಳೆಯೂ ಬಿದ್ದಿದೆ. ನನ್ನ ತಕರಾರು ಖಾಲಿ ಎಡಭಾಗದ್ದಷ್ಟೇ. ಹಾಗಾಗಿ ಹೇಳಿದೆ:

"ಈ ಲೆನ್ಸಿನ ಲೆಕ್ಕ ಬ್ಯಾರೆ ಅದ ಗೌಡ್ರ. ಎಡಕ್ಕ ಗಂಡಿನ ತಾಯಿ ನಿಂದರಲಿಲ್ಲಂದ್ರ ಮದಮಗಳ ಮಾರಿ ಕಪ್ಪು ಬರ್ತದ. ಬೊಂಬಾಯಿದಾಗ ಇದು ಎಲ್ಲಾರಿಗೂ ಗೊತ್ತದ."

ನಲವತ್ತು ವರ್ಷ ನಿರ್ಮಾಪಕರಿಗೆ ಬೆಳಕಿನ ಬಗ್ಗೆ ನಿಜವನ್ನೇ ಹೇಳಿದೆ. ಒಬ್ಬನೂ ನಂಬಲಿಲ್ಲ. ಇವತ್ತು ಶುದ್ಧ ಸುಳ್ಳು ಹೇಳಿದೆ. ಅರ್ಧ ಹಂದರ ತಲೆಯಾಡಿಸಿತು.

ಮಲ್ಕಪ್ಪ ಮಾತ್ರ ಆಡಿಸಲಿಲ್ಲ. ಹೆಣ್ಣಿನ ಸೋದರತ್ತೆಯನ್ನು ಆ ಕಡೆ ನಿಲ್ಲಿಸೋಣ ಎಂದ. ಲೆನ್ಸು ಸೋದರತ್ತೆಯನ್ನು ಒಪ್ಪುವುದಿಲ್ಲ ಎಂದೆ. ಮಂತ್ರ ಹೇಳುವ ಅಯ್ಯನವರು ಗಡಿಯಾರ ನೋಡಿಕೊಂಡರು. ಹೆಣ್ಣಿನ ಕಡೆ ಗುಸುಗುಸು ಎದ್ದಿತು. ಪಂಚಶೀಲಾ ತನ್ನ ಕ್ಯಾಮೆರಾದ ಹಿಂದಿನಿಂದ ನನ್ನನ್ನು ನೋಡುತ್ತಿದ್ದಳು. ಈ ಸೀಮೆಯಲ್ಲಿ ನಾಳೆಯೂ ಕೆಲಸ ಹುಡುಕಬೇಕಾದವಳು ಅವಳು, ನಾನಲ್ಲ ಎಂಬುದು ಆಗ ಹೊಳೆಯಿತು. ಮಾತು ಹಿಂದೆ ತೆಗೆದುಕೊಳ್ಳುವವನಿದ್ದೆ.

ಅಷ್ಟರಲ್ಲಿ ಬಾಸಿಂಗದ ಕೆಳಗಿನಿಂದ ಭಾಗ್ಯಜ್ಯೋತಿ ಹೇಳಿದಳು: "ನನ್ನ ಮಾರಿ ಕಪ್ಪು ಬರೂದು ಬ್ಯಾಡ್ರಿ ದೊಡ್ಡಪ್ಪಾ. ಅತ್ತೀನ್ನ ಕರೀರಿ."

ಲೆನ್ಸಿನ ಕಥೆಯನ್ನು ಆ ಹುಡುಗಿ ನಂಬಿದ್ದಳೋ ಇಲ್ಲವೋ ಹೇಳಲಾರೆ. ಮುಖದಲ್ಲಿ ನಗು ಇರಲಿಲ್ಲ. ಸೂರ್ಯಕಾಂತ ಯಾರ ಉತ್ತರಕ್ಕೂ ಕಾಯಲಿಲ್ಲ. ಬಾಸಿಂಗ ಕಟ್ಟಿಕೊಂಡೇ ಮಣೆಯಿಂದಿಳಿದು ತಾಡಪತ್ರಿ ಸರಿಸಿ ಹೋದ. ತಾಯಿಯ ಕೈ ಹಿಡಿದುಕೊಂಡು ಬಂದ.

ಮಾಳಮ್ಮ ಎಡಕ್ಕೆ ನಿಂತಳು. ಯಾರೋ ಕೈಗೆ ಅಕ್ಕಿಕಾಳು ಹಾಕಿದರು. ಎಲ್ಲರೂ ಎರಚಿದರು, ಅವಳು ಎರಚಲಿಲ್ಲ. ಮಗ ತಲೆ ಬಗ್ಗಿಸಿದ. ಮುಷ್ಟಿಯನ್ನು ಅವನ ನೆತ್ತಿಗೆ ತಂದು ಮೆಲ್ಲಗೆ ಬಿಚ್ಚಿ, ಕಾಳುಗಳನ್ನು ಅಲ್ಲಿ ಇಟ್ಟಳು. ಉಳಿದ ಅರ್ಧವನ್ನು ಸೊಸೆಯ ತಲೆಯ ಮೇಲಿಟ್ಟಳು. ಹಂದರದ ಬಟ್ಟೆಯ ನಡುವಿನಿಂದ ಬಿಸಿಲಿನ ಒಂದು ಪಟ್ಟಿ ಸರಿಯಾಗಿ ಆ ಕೈಯ ಮೇಲೆ ಬಿದ್ದಿತ್ತು. ನನ್ನ ವೃತ್ತಿಯಲ್ಲಿ ಅಂಥ ಇನ್ನೊಂದು ಫ್ರೇಮಿಲ್ಲ. ನೋಡುವಾಗಲೇ ಅದು ಗೊತ್ತಿತ್ತು.

ಆಮೇಲೆ ನೋಡಿದರೆ ರೆಕಾರ್ಡಿನ ಗುಂಡಿ ಒತ್ತಿರಲಿಲ್ಲ.

ಪಂಚಶೀಲಾಳ ಕ್ಯಾಮೆರಾದಲ್ಲಿ ಪಕ್ಕದಿಂದ ಬಂದಿದೆ: ಮುಕ್ಕಾಲು ಪಾಲು ಮಲ್ಕಪ್ಪನ ಪೇಟ, ಉಳಿದದ್ದು ಮಾಳಮ್ಮನ ಕೈ ಮತ್ತು ಒಂದು ಕಿವಿ. ವಾಪಸು ಬರುವಾಗ ದಾರಿಯಲ್ಲಿ ಅವಳು ನಕ್ಕು ನಕ್ಕು ಕಣ್ಣು ಒರೆಸಿಕೊಂಡಳು. ಭೀಮಾ ಸೇತುವೆ ದಾಟುವವರೆಗೆ ನಾನು ಗಂಭೀರವಾಗಿದ್ದೆ.

ಮಾರ್ಚ್ 13, ಗುರುವಾರ

ಲೆನ್ಸಿನ ಕಥೆ ಹೇಳಿ ಅಕ್ಕನನ್ನು ನಗಿಸೋಣವೆಂದುಕೊಂಡಿದ್ದೆ. ನಗಲಿಲ್ಲ. ರೊಟ್ಟಿ ತಟ್ಟುವುದನ್ನು ನಿಲ್ಲಿಸಿ ಪೂರ್ತಿ ಕೇಳಿದಳು. ಆಕೆ ಅತ್ತಳೇನು ಎಂದಳು. ಇಲ್ಲ ಎಂದೆ. ಹಾಗಾದರೆ ಛಲೋ ಎಂದು ಮತ್ತೆ ಹಿಟ್ಟಿಗೆ ಕೈ ಹಾಕಿದಳು. ಸ್ವಲ್ಪ ಹೊತ್ತಿನ ಮೇಲೆ, ಒಲೆಯ ಕಡೆ ಮುಖ ಮಾಡಿಕೊಂಡೇ ಹೇಳಿದಳು: ಭಾವ ತೀರಿದ ಮೇಲೆ ಅವಳು ಒಂದು ಮದುವೆಗೂ ಹೋಗಿಲ್ಲವಂತೆ. ಕರೆಯುತ್ತಾರೆ, ಪತ್ರಿಕೆ ಕೊಟ್ಟು ಹೋಗುತ್ತಾರೆ.

"ಹೋದ್ರ ಎಲ್ಲಿ ಕುಂದರಬೇಕಂತ ತಿಳಿಯೂದಿಲ್ಲೋ ರಂಗಾ" ಎಂದಳು.

ಮಾರ್ಚ್ 20, ಗುರುವಾರ

ಮಾಳಮ್ಮ ಮಗನ ಜೊತೆ ಸ್ಟುಡಿಯೋಕ್ಕೆ ಬಂದಿದ್ದಳು. ಒಂದು ಡಬ್ಬಿ ಶೇಂಗಾ ಹೋಳಿಗೆ ತಂದಿದ್ದಳು. ಆ ತುಣುಕನ್ನು ತೋರಿಸುವ ಮೊದಲು ಬೆಳಕು, ಕೋನ, ಅಡ್ಡ ಬಂದ ಪೇಟ ಎಂದು ಪೀಠಿಕೆ ಹಾಕಿದೆ. ಪಂಚಶೀಲಾ, ಕಾಕಾ ಬಟನ್ ಒತ್ತಿಲ್ಲರಿ ಎಂದು ನೇರ ಹೇಳಿಬಿಟ್ಟಳು.

ಮಾಳಮ್ಮ ಮತ್ತೆ ಮತ್ತೆ ಹಾಕಿಸಿ ನೋಡಿದಳು. ಮುಖ ಬಂದಿಲ್ಲ, ತಪ್ಪಾಯಿತು ಎಂದೆ.

"ಮಾರಿ ಇಲ್ಲದಿದ್ರೂ ನಡೀತದ್ರಿ. ಕಾಳು ಇಟ್ಟಿದ್ದು ಕಾಣ್ತದಲ್ಲ" ಎಂದಳು.

ಅದೊಂದನ್ನು ಫೋಟೋ ಮಾಡಿ, ಕಟ್ಟು ಹಾಕಿಸಿ ಒಯ್ದಳು. ಹೋಳಿಗೆ ಚೆನ್ನಾಗಿದ್ದವು. ವ್ಯಂಕಟೇಶನಿಗೆ ಫೋನು ಮಾಡುವುದು ಮರೆತೆ.

ಮಾರ್ಚ್ 27, ಗುರುವಾರ

ಎರಡು ಮದುವೆಗಳು ಕೈತಪ್ಪಿದವು. ಆ ಸ್ಟುಡಿಯೋದ ಮುದುಕ ಮುಹೂರ್ತ ಕೆಡಿಸುತ್ತಾನೆ, ರಂಡೆಮುಂಡೆಯರನ್ನು ಕರೆದು ಮಣೆಯ ಪಕ್ಕ ನಿಲ್ಲಿಸುತ್ತಾನೆ ಎಂದು ಮಲ್ಕಪ್ಪ ಹೋದಲ್ಲೆಲ್ಲ ಹೇಳುತ್ತಿದ್ದಾನಂತೆ. ನನ್ನ ಕೆಲಸದ ಬಗ್ಗೆ ಇಷ್ಟು ಊರುಗಳಲ್ಲಿ ಮಾತಾಗಿದ್ದು ಇದೇ ಮೊದಲು. ರಾಜ್ಯ ಪ್ರಶಸ್ತಿ ಬಂದಾಗ ಒಂದು ಪತ್ರಿಕೆಯಲ್ಲಿ ಮಾತ್ರ ಬಂದಿತ್ತು, ಹೆಸರು ಶ್ರೀಧರ ಎಂದು.

ನಾನು ಬರುವುದನ್ನು ನಿಲ್ಲಿಸುತ್ತೇನೆ, ಮುದುಕನನ್ನು ಓಡಿಸಿದೆ ಎಂದು ಎಲ್ಲರಿಗೂ ಹೇಳು ಎಂದೆ. ಪಂಚಶೀಲಾ ಲೈಟಿನ ವೈರು ಸುತ್ತುತ್ತಿದ್ದಳು. ಸುತ್ತುವುದನ್ನು ನಿಲ್ಲಿಸಲಿಲ್ಲ.

"ಮೊದ್ಲ ಮೊದ್ಲ ನನ್ನೂ ಕೆಲವೊಂದು ಮನ್ಯಾಗ ಒಳಗ ಬಿಡ್ತಿರಲಿಲ್ರಿ ಕಾಕಾ. ಅಂಗಳದಾಗ ನಿಂತೇ ತಗದೀನಿ. ಹಂಗಂತ ನಾ ಏನ್ ದುಕಾನ ಮುಚ್ಚಿದೆನು? ಹೋಗೋರು ಹೋಗ್ಲಿ. ನಾಳಿ ಆಳಂದಕ್ಕ ಹೋಗೂದದ, ಲಗೂನ ಬರ್ರಿ."

ಅಂಗಳದಿಂದ ಯಾವ ಲೆನ್ಸಿನಲ್ಲಿ ತೆಗೆಯುತ್ತಿದ್ದೆ ಎಂದು ಕೇಳಿದೆ. ಝೂಮ್ ಎಂದಳು.

ಏಪ್ರಿಲ್ 4, ಶುಕ್ರವಾರ

ವ್ಯಂಕಟೇಶನೇ ಫೋನು ಮಾಡಿದ. ನನ್ನ ಜಾಗಕ್ಕೆ ಬಂದಿದ್ದ ಹುಡುಗನಿಗೆ ಸಿನಿಮಾ ಸಿಕ್ಕಿ ಬಿಟ್ಟುಹೋಗಿದ್ದಾನೆ. "ಚಾನೆಲ್‌ನವರೇ ನಿಮ್ಮ ಹೆಸರು ಹೇಳಿದ್ರು ಸರ್. ಸೋಮವಾರದಿಂದ ಬಂದ್ಬಿಡಿ." ಅವನ ಮಾತು ಮುಗಿಯುವ ಮೊದಲೇ ಒಪ್ಪಿಕೊಂಡೆ. ನಾಡಿದ್ದು ರವಿವಾರ ಸಂಜೆಯ ಬಸ್ಸಿಗೆ ಟಿಕೆಟ್ಟೂ ಆಯಿತು. ಇಷ್ಟು ದಿನ ಕಾದದ್ದು ಇದಕ್ಕೇ.

ಅಕ್ಕನಿಗೆ ಹೇಳಿದೆ. ಅಂಗಿಗಳನ್ನೆಲ್ಲ ಇಸ್ತ್ರಿ ಮಾಡಿಟ್ಟಳು. ಬೇಡವೆಂದರೂ ಖಾರದಪುಡಿ ಕಟ್ಟಿದಳು. ಪಂಚಶೀಲಾಳಿಗೆ ಫೋನಿನಲ್ಲಿ ತಿಳಿಸಿದೆ. ಛಲೋ ಆತ್ರಿ ಸರ್ ಎಂದಳು. ಮರ್ಯಾದೆಯ ಹುಡುಗಿ. ಮತ್ತೆ ಸರ್ ಎನ್ನಲು ಶುರು ಮಾಡಿದ್ದಾಳೆ.

ಏಪ್ರಿಲ್ 6, ರವಿವಾರ

ಹೋಗಲಿಲ್ಲ.

ಬೆಳಿಗ್ಗೆ ಅಟ್ಟದ ಮೇಲಿದ್ದ ಸೂಟ್‌ಕೇಸನ್ನು ಬಲಗೈಯಿಂದಲೇ ಎತ್ತಿ ಇಳಿಸಿದೆ. ತೋಳು ತಲೆಯ ಮೇಲಕ್ಕೆ ಸಲೀಸಾಗಿ ಹೋಯಿತು, ಸಲೀಸಾಗಿ ಬಂತು. ಸೂಟ್‌ಕೇಸು ತೆರೆದಿಟ್ಟುಕೊಂಡು ಬಹಳ ಹೊತ್ತು ಕೂತಿದ್ದೆ. ಆಮೇಲೆ ವ್ಯಂಕಟೇಶನಿಗೆ ಫೋನು ಮಾಡಿ, ಹೆಗಲು ಇನ್ನೂ ಸರಿಹೋಗಿಲ್ಲ ಎಂದೆ. ಎಷ್ಟು ದಿನ ಬೇಕು ಸರ್, ಚಾನೆಲ್‌ನವರು ಕಾಯಲ್ಲ ಎಂದ. ಕಾಯಬಾರದು, ಅದು ಸರಿಯಲ್ಲ ಎಂದೆ. ಅವನು ಒಮ್ಮೆ ಸರ್ ಎಂದು ಫೋನಿಟ್ಟ.

ಬೇಸಿಗೆಯಲ್ಲಿ ಅಷ್ಟು ದೂರ ಬಸ್ಸಿನ ಪ್ರಯಾಣ ನನ್ನ ವಯಸ್ಸಿಗೆ ಒಳ್ಳೆಯದಲ್ಲ. ಅದಷ್ಟೇ ಕಾರಣ. ಅಲ್ಲದೆ ಅಕ್ಕ ನನ್ನ ಪಾಲಿನ ಅಕ್ಕಿಯನ್ನೂ ಆಗಲೇ ತೊಳೆದಿಟ್ಟಿದ್ದಳು. ನಾನು ಇನ್ನೂ ಏನನ್ನೂ ಹೇಳಿರಲಿಲ್ಲ.

ಏಪ್ರಿಲ್ 19, ಶನಿವಾರ

ಮಧ್ಯಾಹ್ನದ ಬಿಸಿಲಿನಲ್ಲಿ ಒಬ್ಬ ಹೆಂಗಸು ಮನೆ ಹುಡುಕಿಕೊಂಡು ಬಂದಳು. ಹೆಸರು ಮಧುಮತಿ, ಆಳಂದ ಕಡೆಯ ಸರಸಂಬಾದವಳು. ನೀರು ಕೊಟ್ಟೆವು. ಕುಡಿದು, ಸೆರಗಿನಿಂದ ಮುಖ ಒರೆಸಿಕೊಂಡು, ಜೇವರ್ಗಿಯಲ್ಲಿ ಹುಡುಗನ ತಾಯಿಯನ್ನು ಕರೆಸಿದವರು ನೀವೇ ಏನು ಎಂದು ಕೇಳಿದಳು. ಜಗಳಕ್ಕೆ ಬಂದಿದ್ದಾಳೆಂದು ಪಕ್ಕಾ ಆಯಿತು. ಪಂಚಶೀಲಾಳನ್ನು ಇದರಲ್ಲಿ ಎಳೆಯಬೇಡಿ, ಮಾಡಿದ್ದು ನಾನು ಎಂದೆ.

"ಹಂಗಾರ ನೀವೇ ಬರಬೇಕ್ರಿ" ಎಂದಳು. "ಅಕ್ಷಯ ತದಗಿಗಿ ನನ್ನ ಮಗಳ ಮದವಿ ಅದ. ನಮ್ಮ ಮನಿ ಮಾಲಕರು ತೀರಿಹೋಗಿ ಎಂಟು ವರ್ಸ ಆತು. ಹೊಲ ನಾನೇ ಮಾಡಸ್ತೇನಿ, ತೊಗರಿ ನಾನೇ ಮಾರ್ತೇನಿ, ವರಾನ್ನೂ ನಾನೇ ಹುಡಿಕೇನಿ. ಅಕ್ಕಿಕಾಳಿಗಷ್ಟೇ ಹಿಂದ ಸರಿ ಅಂದ್ರ ನಾ ಸರಿಯಾಕಿಲ್ರಿ."

ಆ ಲೆನ್ಸನ್ನು ಮರೆಯದೆ ತರಬೇಕು ಎಂದೂ ಹೇಳಿದಳು. ತರುತ್ತೇನೆ ಎಂದೆ. ಹೊರಡುವಾಗ ಅಕ್ಕನ ಕಡೆ ತಿರುಗಿ, ಅಕ್ಕಾರ, ನೀವೂ ಬರ್ರಿ ಎಂದಳು. ಅಕ್ಕ, ನೋಡೂಣು ಎಂದಳು. ನಮ್ಮ ಮನೆಯಲ್ಲಿ ಹಾಗೆಂದರೆ ಇಲ್ಲ ಎಂದರ್ಥ.

ಪಂಚಶೀಲಾಳ ಸ್ಟುಡಿಯೋಕ್ಕೆ ನಾನೇ ಹೋಗಿ ತಾರೀಖು ಹಿಡಿಸಿ ಬಂದೆ.

ಏಪ್ರಿಲ್ 30, ಬುಧವಾರ

ಬೆಳಿಗ್ಗೆ ಪಂಚಶೀಲಾ ಕ್ರೂಸರ್ ಗಾಡಿ ತಂದು ಬಾಗಿಲಿಗೆ ನಿಲ್ಲಿಸಿದಾಗ ಅಕ್ಕ ಇಳಕಲ್ ಸೀರೆ ಉಟ್ಟು ಕಟ್ಟೆಯ ಮೇಲೆ ನಿಂತಿದ್ದಳು. ಎಲ್ಲಿಗೆ ಎಂದು ಕೇಳುವ ಧೈರ್ಯ ನನಗಾಗಲಿಲ್ಲ. ಡ್ರೈವರನ ಪಕ್ಕದ ಸೀಟು ಇಷ್ಟು ದಿನ ನನ್ನದಾಗಿತ್ತು. ಅಕ್ಕ ಅದರಲ್ಲಿ ಹತ್ತಿ ಕೂತಳು. ಕೀಲಿ ಹಾಕಿಕೊಂಡು ಬಾ ಎಂದಳು ನನಗೆ.

ಸರಸಂಬಾದಲ್ಲಿ ಹೇಳಿಕೊಳ್ಳುವಂಥದ್ದೇನೂ ನಡೆಯಲಿಲ್ಲ. ಮಧುಮತಿ ಮಗಳ ಎಡಕ್ಕೆ ಬಂದು ನಿಂತಳು. ಯಾರೋ ಇಬ್ಬರು ಮುಖ ಮುಖ ನೋಡಿಕೊಂಡರು, ಅಷ್ಟರಲ್ಲಿ ಬ್ಯಾಂಡು ಶುರುವಾಯಿತು. ನಡುನೆತ್ತಿಯ ಬಿಸಿಲು, ಎಲ್ಲರ ಕಣ್ಣ ಕೆಳಗೂ ಕಪ್ಪು ಗುಳಿ. ಛಾಯಾಗ್ರಹಣದ ದೃಷ್ಟಿಯಿಂದ ಬಹಳ ಸಾಧಾರಣ ಮದುವೆ. ಎಲ್ಲವನ್ನೂ ರೆಕಾರ್ಡು ಮಾಡಿದ್ದೇನೆ. ಅಕ್ಕ ಮೊದಲ ಸಾಲಿನಲ್ಲಿ ಕೂತಿದ್ದಳು. ಸ್ವಲ್ಪ ಹೊತ್ತಿನ ಮೇಲೆ ನೋಡಿದರೆ ಕುರ್ಚಿ ಖಾಲಿ. ಮದುಮಕ್ಕಳ ಪಕ್ಕದ ಹೆಂಗಸರ ಗುಂಪಿನಲ್ಲಿ ನಿಂತು, ಆರತಿ ತಟ್ಟೆ ಹೀಗಲ್ಲ ಹಾಗೆ ಹಿಡಿಯಬೇಕೆಂದು ಯಾರಿಗೋ ಹೇಳಿಕೊಡುತ್ತಿದ್ದಳು. ಯಾವಾಗ ಹೋದಳೋ ನಾನು ನೋಡಲಿಲ್ಲ. ಪಂಚಶೀಲಾ ನೋಡಿದ್ದಾಳಂತೆ.

ವಾಪಸು ಹೊರಡುವಾಗಲಾದರೂ ಮುಂದಿನ ಸೀಟು ಸಿಗಬಹುದೆಂದುಕೊಂಡಿದ್ದೆ. ಮಧುಮತಿ ಅಫಜಲಪುರದ ಕಡೆಯ ನಾಲ್ಕು ಜನ ಮುದುಕಿಯರನ್ನು ತಂದು ಹತ್ತಿಸಿದಳು. ನಾನು ಹಿಂದೆ, ಲೈಟುಗಳ ಚೀಲದ ಮೇಲೆ, ಟ್ರೈಪಾಡನ್ನು ತೊಡೆಯ ಮೇಲೆ ಅಡ್ಡ ಇಟ್ಟುಕೊಂಡು ಕೂತೆ. ನನ್ನ ಮೊಣಕಾಲುಗಳ ಬಗ್ಗೆ ಯಾರೂ ವಿಚಾರಿಸಲಿಲ್ಲ.

ಸ್ವಲ್ಪ ದೂರ ಬಂದ ಮೇಲೆ ಮುಂದಿನ ಸೀಟಿನಿಂದ ಅಕ್ಕ ಬೀಗರ ಹಾಡು ಎತ್ತಿದಳು. ಅಕ್ಕ ಹಾಡುತ್ತಾಳೆಂಬುದೇ ನನಗೆ ಮರೆತುಹೋಗಿತ್ತು. ದನಿ ಮೊದಲು ಒಡೆಯಿತು, ಆಮೇಲೆ ಕೂಡಿಕೊಂಡಿತು. ಮುದುಕಿಯರು ಚಪ್ಪಾಳೆ ಹಾಕಿ ದನಿಗೂಡಿಸಿದರು, ಪಂಚಶೀಲಾಳೂ ಸೇರಿಕೊಂಡಳು. ಮೊದಲು ಗಂಡಿನ ಅಪ್ಪನ ಹೊಟ್ಟೆಯನ್ನು ಬೈದರು, ಆಮೇಲೆ ಸೋದರಮಾವನ ಮೀಸೆಯನ್ನು. ಮೂರನೆಯ ನುಡಿಯಲ್ಲಿ ನನ್ನ ಹೆಸರು ಬಂತು. ಊರ ಮದುವೆಗೆಲ್ಲ ಹೋಗುವ ರಂಗಣ್ಣನಿಗೆ ಹೆಣ್ಣು ಕೊಡುವವರಿಲ್ಲ, ಕ್ಯಾಮೆರಾಕ್ಕೇ ತಾಳಿ ಕಟ್ಟಿದ್ದಾನೆ ಎಂದು. ಅಲ್ಲಿಯೇ ಕಟ್ಟಿದ ಹಾಡು, ಪ್ರಾಸವೂ ಸರಿಯಿರಲಿಲ್ಲ.

ಆ ಹಾಡಿನಲ್ಲಿ ಬೈಯುವುದು ಬೀಗರನ್ನು. ನಾನು ಯಾರಿಗೂ ಬೀಗನಲ್ಲ. ಇದನ್ನು ಅಕ್ಕನಿಗೆ ಹೇಳಬೇಕೆಂದು ಎರಡು ಸಲ ಬಾಯಿ ತೆರೆದೆ. ಮನೆ ಬರುವವರೆಗೂ ಹಾಡು ಮುಗಿಯಲಿಲ್ಲ.